ಅವ್ವನ ಕಿವಿಗೆ ಹೇಳಿದ ಮಾತು

ಪುಟ್ಟಯ್ಯ ಬರೆದ ಸಿನಿಮಾಗಳಲ್ಲಿ ಗಂಡಸರು ಏನು ಮಾತಾಡುತ್ತಾರೆಂದು ಯಾರಿಗೂ ನೆನಪಿರುವುದಿಲ್ಲ. ಹೀರೊ ಬರುತ್ತಾನೆ, ಏನೋ ಅನ್ನುತ್ತಾನೆ, ಹೋಗುತ್ತಾನೆ. ಆದರೆ ಒಬ್ಬ ಅತ್ತೆ ಬಾಗಿಲಿಗೆ ಬಂದು ಸೊಸೆಯನ್ನು ಮೇಲಿಂದ ಕೆಳಗೆ ನೋಡಿ ಬಾಯಿ ತೆರೆದಳೋ, ಥಿಯೇಟರಿನಲ್ಲಿ ಕೂತ ಹೆಂಗಸರೆಲ್ಲ ಪಕ್ಕದವರನ್ನು ಮೊಣಕೈಯಿಂದ ತಿವಿಯುತ್ತಾರೆ. "ಅಯ್ಯೋ, ಥೇಟ್ ನಮ್ಮತ್ತೆ ಕಣೇ!" ಕುವೈತಿನ ಕನ್ನಡದವರಲ್ಲಿ ಇದು ಎಲ್ಲರೂ ಒಪ್ಪಿದ ವಿಷಯ. ಹೆಂಗಸರ ಮಾತು ಬರೆಯಬೇಕೆಂದರೆ ಪುಟ್ಟಯ್ಯನೇ ಬರೆಯಬೇಕು.

ಈ ಹೊಗಳಿಕೆ ಕಿವಿಗೆ ಬಿದ್ದಾಗೆಲ್ಲ ಪುಟ್ಟಯ್ಯ ಕನ್ನಡಕ ತೆಗೆದು ಅಂಗಿಯ ತುದಿಯಲ್ಲಿ ಒರೆಸಿಕೊಳ್ಳುತ್ತಿದ್ದ. "ಏನೋ ಸಾರ್, ದೇವರು ಕೊಟ್ಟಿದ್ದು" ಅನ್ನುತ್ತಿದ್ದ. ದೇವರಂತೆ! ಕೊಟ್ಟವಳು ಮಂಗಾಫಿನ ಫ್ಲಾಟಿನ ಅಡುಗೆಮನೆಯಲ್ಲಿ ಬೆಳ್ಳುಳ್ಳಿ ಸುಲಿಯುತ್ತ ಕೂತಿರುತ್ತಿದ್ದಳು.

ಮಳವಳ್ಳಿ ಕಡೆಯವನು ಪುಟ್ಟಯ್ಯ. ಡಿಪ್ಲೊಮಾ ಮುಗಿಸಿ ಕುವೈತಿಗೆ ಬಂದವನು ಅಹ್ಮದಿಯಲ್ಲಿ ತೈಲ ಕಂಪನಿಗೆ ಕೆಲಸ ಮಾಡಿಕೊಡುವ ಕಾಂಟ್ರಾಕ್ಟರ ಬಳಿ ಸೇಫ್ಟಿ ಸೂಪರ್‌ವೈಸರ್ ಆದ. ಹೆಲ್ಮೆಟ್ ಹಾಕು, ಬೆಲ್ಟು ಕಟ್ಟು, ಯಲ್ಲಾ ಇಳಿ, ಸಿಗರೇಟು ಆರಿಸು ಎಂದು ಬಿಸಿಲಲ್ಲಿ ನಿಂತು ದಿನವೆಲ್ಲ ಗಂಟಲು ಹರಿದುಕೊಳ್ಳುವ ಕೆಲಸ. ಅಂಥವನಿಗೆ ಬರೆಯುವ ಹುಚ್ಚು ಹಿಡಿದದ್ದು ಕನ್ನಡ ಸಂಘದ ರಾಜ್ಯೋತ್ಸವದ ನಾಟಕದಿಂದ. ಬರೆಯುವವರು ಯಾರೂ ಸಿಗದೆ ಇವನ ತಲೆಗೆ ಕಟ್ಟಿದರು. ಇವನೂ ಉತ್ಸಾಹದಿಂದ ಬರೆದು ರಿಹರ್ಸಲ್ಲಿಗೆ ಒಯ್ದರೆ, ತಾಯಿಯ ಪಾತ್ರ ಮಾಡುತ್ತಿದ್ದ ಹೆಂಗಸು ಹಾಳೆ ಓದಿ ನಕ್ಕುಬಿಟ್ಟಳು. "ಸಾರ್, ಯಾವ ತಾಯಿನೂ ಹಿಂಗೆ ಮಾತಾಡಲ್ಲ."

ಮುಖ ಸಪ್ಪಗೆ ಮಾಡಿಕೊಂಡು ಮನೆಗೆ ಬಂದ. ಹೆಂಡತಿ ನಾಗರತ್ನಮ್ಮ ಒಗ್ಗರಣೆ ಹಾಕುತ್ತಿದ್ದಳು. ಅಡುಗೆಮನೆಯ ಪ್ಲಾಸ್ಟಿಕ್ ಸ್ಟೂಲನ್ನು ಎಳೆದುಕೊಂಡು ಕೂತು ಸುಮ್ಮನೆ ಕೇಳಿದ.

"ರತ್ನ, ನೀನು ಅತ್ತೆ ಅಂತ ಇಟ್ಕೊ. ಸೊಸೆ ನಿಂಗೆ ಹೇಳ್ದೆ ಕೇಳ್ದೆ ತವರಿಗೆ ಹೋಗ್ಬಿಟ್ಟವ್ಳೆ. ವಾಪಸ್ ಬಂದಾಗ ಏನಂತೀಯ?"

ಅವಳು ತಿರುಗಿ ಕೂಡ ನೋಡಲಿಲ್ಲ. "ಏನೂ ಅನ್ನಲ್ಲ. ಅವಳು ಬಿಟ್ಟೋದ ಸೀರೆನೆಲ್ಲ ನೀಟಾಗಿ ಮಡಚಿ ಇಟ್ಟಿರ್ತೀನಿ. ಬಂದ ತಕ್ಷಣ ಒಂದು ಚೊಂಬು ನೀರು ಕೊಟ್ಟು, 'ನಿಮ್ಮವ್ವ ಚೆನ್ನಾಗವ್ಳೇನವ್ವ?' ಅಂತೀನಿ. ಅಷ್ಟೆ. ವಾರವೆಲ್ಲ ಉರೀತದೆ ಅವಳಿಗೆ."

ಪುಟ್ಟಯ್ಯ ಬಾಯಿ ಬಿಟ್ಟುಕೊಂಡು ಕೂತ. ಆಮೇಲೆ ಎದ್ದು ಓಡಿಹೋಗಿ ಬರೆದುಕೊಂಡ. ಆ ನಾಟಕದಲ್ಲಿ ಆ ಒಂದು ಮಾತಿಗೆ ಬಿದ್ದ ಚಪ್ಪಾಳೆಗೆ ಮೈಕು ಕೂಡ ಕೂಗಿತು.

ಅಲ್ಲಿಂದ ಅದೇ ರೂಢಿಯಾಯಿತು. ಶುಕ್ರವಾರ ರಜೆ. ಊಟವಾದ ಮೇಲೆ ಪುಟ್ಟಯ್ಯ ಸ್ಟೂಲಿನ ಮೇಲೆ ಕೂರುವುದು, ಅಂಗಿಯ ಜೇಬಿನಲ್ಲಿರುವ ಫೋನಿನ ರೆಕಾರ್ಡರನ್ನು ಹೆಬ್ಬೆರಳಿನಿಂದ ಒತ್ತುವುದು, ಒಂದು ಸಂದರ್ಭ ಹೇಳಿ "ಏನಂತೀಯ?" ಎಂದು ಕೇಳುವುದು. ನಾಗರತ್ನಮ್ಮ ಸೊಪ್ಪು ಬಿಡಿಸುತ್ತಲೋ ಬೆಳ್ಳುಳ್ಳಿ ಸುಲಿಯುತ್ತಲೋ ಒಮ್ಮೆ ಅತ್ತೆಯಾಗುತ್ತಿದ್ದಳು, ಒಮ್ಮೆ ವಿಧವೆ, ಒಮ್ಮೆ ಓಡಿಹೋಗಲು ಹೊರಟ ಹುಡುಗಿ. "ನಿಮ್ಮ ನಾಟಕ ಹಾಳಾಗ, ಸಾರು ಸೀದೋಯ್ತು!" ಎಂದು ಬಯ್ಯುತ್ತಿದ್ದಳು. ಆದರೆ ಆ ಒಂದು ಗಂಟೆ ಅವಳ ಮುಖ ನೋಡಬೇಕಿತ್ತು. ಇಡೀ ವಾರದಲ್ಲಿ ಆ ಮನೆಯಲ್ಲಿ ಅವಳು ನಗುತ್ತಿದ್ದುದು ಆಗ.

ಇದನ್ನು ಪುಟ್ಟಯ್ಯ ಗಮನಿಸಿದ್ದನೇ? ಇಲ್ಲ. ಗಮನಿಸಿದ್ದರೆ ಈ ಕಥೆಯೇ ಇರುತ್ತಿರಲಿಲ್ಲ.

ಮದುವೆಗೆ ಮುಂಚೆ ನಾಗರತ್ನಮ್ಮ ಟೀಚರ್ ಟ್ರೈನಿಂಗ್ ಮುಗಿಸಿದ್ದಳು. ಪಕ್ಕದೂರಿನ ಶಾಲೆಯಲ್ಲಿ ಕೆಲಸವೂ ಸಿಕ್ಕಿತ್ತು. ಅಷ್ಟರಲ್ಲಿ ಕುವೈತಿನ ಗಂಡು ಬಂತು. ಇಲ್ಲಿಗೆ ಬಂದ ಮೇಲೆ ಇಕಾಮಾದಲ್ಲಿ, ಅಂದರೆ ವಾಸದ ಪರವಾನಗಿಯಲ್ಲಿ, ಅವಳು ಪುಟ್ಟಯ್ಯನ ಹೆಂಡತಿ, ಅಷ್ಟೇ. ಆ ವೀಸಾದಲ್ಲಿ ಕೆಲಸಕ್ಕೆ ಹೋಗುವ ಹಾಗಿಲ್ಲ. ಗಂಡ ಸೂರ್ಯ ಹುಟ್ಟುವ ಮುಂಚೆ ಕಂಪನಿಯ ಬಸ್ಸು ಹತ್ತಿದರೆ, ಮಗ ಕುಶಾಲ್ ಸ್ಕೂಲಿಗೆ ಹೋದರೆ, ಉಳಿದದ್ದು ಏಸಿಯ ಸದ್ದು. ಮಗ ಕನ್ನಡ ಅರ್ಥ ಮಾಡಿಕೊಳ್ಳುತ್ತಿದ್ದ, ಉತ್ತರ ಕೊಡುತ್ತಿದ್ದುದು ಇಂಗ್ಲಿಷಿನಲ್ಲಿ. ಪ್ರತಿ ಶುಕ್ರವಾರ ಬೆಳಿಗ್ಗೆ ಊರಿಗೆ ಫೋನು. "ಚೆನ್ನಾಗಿದೀನಿ ಕಣವ್ವ. ಏಸಿ ಅದೆ, ಕಾರು ಅದೆ, ನಂಗೇನು ಕಮ್ಮಿ?" ಆ ಕಡೆಯಿಂದ ಅವ್ವ, "ಹಂಗಂದ್ರೆ ಸಾಕು ಮಗ" ಎಂದು ಸಮಾಧಾನದ ಉಸಿರು ಬಿಡುವುದು ಹಾಲಿನಲ್ಲಿ ಕೂತ ಪುಟ್ಟಯ್ಯನಿಗೂ ಕೇಳುತ್ತಿತ್ತು. ಅವನಿಗೂ ಸಮಾಧಾನವಾಗುತ್ತಿತ್ತು.

ನಾಟಕದಿಂದ ಸಿನಿಮಾಕ್ಕೆ ಕರೆದುಕೊಂಡು ಹೋದವನು ಸಿರಿಲ್. ಮಂಗಳೂರಿನವನು, ಸಾಲ್ಮಿಯಾದಲ್ಲಿ ಸ್ಟುಡಿಯೋ ಇಟ್ಟುಕೊಂಡು ಮದುವೆ, ನಾಮಕರಣಗಳ ವಿಡಿಯೋ ತೆಗೆಯುತ್ತಿದ್ದ. ಡೈರೆಕ್ಟರಾಗುವ ಆಸೆ ಅವನ ಎದೆಯಲ್ಲಿ ಕುದಿಯುತ್ತಿತ್ತು. ಸಂಘದ ನಾಟಕ ನೋಡಿದವನೇ ಗ್ರೀನ್ ರೂಮಿಗೆ ನುಗ್ಗಿ ಪುಟ್ಟಯ್ಯನ ಕೈ ಹಿಡಿದುಕೊಂಡ. "ಪುಟ್ಟಯ್ಯಣ್ಣ, ನೀವು ಬರೀರಿ, ನಾನು ತೆಗೀತೇನೆ. ಇಂಥ ಮಾತು ಯಾರು ಬರೀತಾರೆ ಮಾರಾಯ್ರೆ ಈಗ?" ಮೊದಲು ಕಿರುಚಿತ್ರ, ಆಮೇಲೆ ಗಲ್ಫಿನವರೇ ಸೇರಿ ಬಂಡವಾಳ ಹಾಕಿದ ಪೂರ್ತಿ ಸಿನಿಮಾಗಳು. ಜಹ್ರಾದ ಆಚೆಯ ಮರಳಿನಲ್ಲಿ ಶೂಟಿಂಗು, ಬೆಂಗಳೂರಿನಲ್ಲಿ ಎಡಿಟಿಂಗು. ದೊಡ್ಡ ಹಿಟ್ ಯಾವುದೂ ಅಲ್ಲ. ಆದರೂ ಪತ್ರಿಕೆಗಳಲ್ಲಿ 'ಸಂಭಾಷಣೆ ಮನಮುಟ್ಟುತ್ತದೆ' ಎಂದು ಒಂದು ಸಾಲು ಖಾಯಂ ಬರುತ್ತಿತ್ತು. ಒಂದು ಸಲ ಬೆಂಗಳೂರಿನ ಯಾವುದೋ ಸಂಸ್ಥೆ ಉತ್ತಮ ಸಂಭಾಷಣೆಗೆಂದು ಶಾಲು ಹೊದಿಸಿತು. ಪುಟ್ಟಯ್ಯ ಮೈಕಿನ ಮುಂದೆ ನಿಂತು ಸಿರಿಲ್‌ಗೆ, ನಿರ್ಮಾಪಕರಿಗೆ, ರಜೆ ಕೊಟ್ಟ ಮ್ಯಾನೇಜರಿಗೆ, ಹುಟ್ಟಿದ ಮಣ್ಣಿಗೆ, ಕನ್ನಡ ತಾಯಿಗೆ ಧನ್ಯವಾದ ಹೇಳಿದ. ಮುಂದಿನ ಸಾಲಿನಲ್ಲಿ ಕೂತ ಹೆಂಡತಿ ಎಲ್ಲರ ಜೊತೆ ಚಪ್ಪಾಳೆ ತಟ್ಟಿದಳು. ಆಗಲಾದರೂ ಯಾರಾದರೂ ಅವನ ಕಿವಿ ಹಿಂಡಬೇಕಿತ್ತು.

ಕೊರೊನಾ ಬಂತು. ಕುವೈತಿನ ವಿಮಾನ ನಿಲ್ದಾಣ ಮುಚ್ಚಿತು. ಆ ದಿನಗಳಲ್ಲೇ ಊರಿನಲ್ಲಿ ನಾಗರತ್ನಮ್ಮನ ಅವ್ವ ತೀರಿಕೊಂಡಳು. ಮಗನ ಮನೆಯಲ್ಲಿ, ಮೊಮ್ಮಕ್ಕಳ ನಡುವೆ, ನಿದ್ದೆಯಲ್ಲಿ ಹೋದ ಜೀವ. ಆದರೆ ಮಗಳು ಹೋಗುವ ಹಾಗಿರಲಿಲ್ಲ.

ನಾಗರತ್ನಮ್ಮನ ತವರಿನಲ್ಲಿ ಒಂದು ಪದ್ಧತಿಯಿತ್ತು. ತಾಯಿ ಸತ್ತಾಗ, ಎತ್ತುವುದಕ್ಕೆ ಮೊದಲು ಹೆಣ್ಣುಮಕ್ಕಳು ಬಗ್ಗಿ ಅವಳ ಕಿವಿಯಲ್ಲಿ ಒಂದು ಮಾತು ಹೇಳುತ್ತಾರೆ. ಬದುಕಿದ್ದಾಗ ಹೇಳಲಾಗದ್ದು ಏನಿದ್ದರೂ ಹೇಳಬಹುದು. ಆ ಹೊತ್ತಿಗೆ ಉಳಿದವರೆಲ್ಲ ಅಂಗಳಕ್ಕೆ ಇಳಿದು ಬೆನ್ನು ಹಾಕಿ ನಿಲ್ಲುತ್ತಾರೆ. ಏನು ಹೇಳಿದೆ ಎಂದು ಆಮೇಲೂ ಯಾರೂ ಕೇಳುವುದಿಲ್ಲ. ಅದು ಅವರಿಬ್ಬರ ನಡುವಿನದು.

ತಮ್ಮನ ಹೆಂಡತಿ ಯಾಮಿನಿ ವಿಡಿಯೋ ಕಾಲ್ ಮಾಡಿದಳು. "ಅಕ್ಕ, ಫೋನನ್ನ ಅತ್ತೆ ಕಿವಿ ಹತ್ರ ಇಡ್ತೀನಿ. ನಾವೆಲ್ಲ ಆಚೆ ಹೋಯ್ತೀವಿ. ಹೇಳೋದು ಹೇಳಿ." ತೆರೆಯ ಮೇಲೆ ಅವ್ವನ ಕಿವಿಯೋಲೆ, ಒಂದಿಷ್ಟು ಬಿಳಿ ಕೂದಲು. ನಾಗರತ್ನಮ್ಮನಿಗೆ ಫೋನು ಹಿಡಿಯಲಾಗಲಿಲ್ಲ, ಹಾಗಾಗಿ ಈ ಕಡೆ ಫೋನು ಹಿಡಿದವನು ಪುಟ್ಟಯ್ಯ. ಅವನು ಫೋನನ್ನು ಮೇಜಿನ ಮೇಲೆ ನಿಲ್ಲಿಸಿ ಆಚೆ ಹೋಗಬಹುದಿತ್ತು. ಹೋಗಲಿಲ್ಲ. ಊರಿನ ಅಂಗಳದಲ್ಲಿ ಹತ್ತಾರು ಜನ ಬೆನ್ನು ತಿರುಗಿಸಿ ನಿಂತಿದ್ದರು. ಇಲ್ಲಿ ಇವನೊಬ್ಬ ತಲೆ ತಗ್ಗಿಸಿ ನಿಂತ.

ಅವಳು ಹೇಳಿದ್ದು ಇಷ್ಟು. ಊರಿಗೆಲ್ಲ ಗೊತ್ತಾಗಿಹೋದ ಮಾತು, ಹಾಗಾಗಿ ಇಲ್ಲಿ ಬರೆದರೆ ಹೊಸ ಪಾಪವೇನೂ ಬರುವುದಿಲ್ಲ.

"ಅವ್ವ, ವಾರ ವಾರ ಚೆನ್ನಾಗಿದೀನಿ ಅಂತಿದ್ನಲ್ಲ, ಸುಳ್ಳು ಕಣವ್ವ. ಇಲ್ಲಿ ಒಂದಿನಾನೂ ಚೆನ್ನಾಗಿರ್ಲಿಲ್ಲ. ನೀನು ನೊಂದ್ಕೋತೀಯ ಅಂತ ಹೇಳ್ಲಿಲ್ಲ. ಈಗ ಹೇಳ್ತಿದೀನಿ. ಈಗ ನಿಂಗೆ ನೋವಾಗಲ್ಲ, ಅಲ್ವಾ?"

ಪುಟ್ಟಯ್ಯನಿಗೆ ಎದೆಯಲ್ಲಿ ಚುಳ್ ಎಂದಿತು. ಅದರ ಬೆನ್ನಿಗೇ ಇನ್ನೊಂದು ಬಂತು: ಎಂಥಾ ಮಾತು! ಈ ಎರಡರಲ್ಲಿ ಮೊದಲು ಬಂದದ್ದು ಯಾವುದೆಂದು ನಾನು ಹೇಳಲಾರೆ. ಪುಟ್ಟಯ್ಯನೂ ಹೇಳಲಾರ.

ಆವತ್ತು ಅವಳಿಗೆ ಕಾಫಿ ಮಾಡಿಕೊಟ್ಟ. ಸ್ನಾನಕ್ಕೆ ನೀರು ಬಿಟ್ಟ. ಕೇಳಬೇಕು ಎಂದುಕೊಂಡ. ಈಗ ಬೇಡ, ದುಃಖದಲ್ಲಿದ್ದಾಳೆ ಎಂದುಕೊಂಡ. ತಿಥಿ ಮುಗಿಯಲಿ ಎಂದುಕೊಂಡ. ತಿಥಿಯೂ ಫೋನಿನಲ್ಲೇ ಮುಗಿಯಿತು. ಆಮೇಲೆ ಅವಳು ಮೊದಲಿನ ಹಾಗೇ ಸಾರಿಗೆ ಹುಣಸೆಹಣ್ಣು ಕಿವುಚತೊಡಗಿದಳು, ಶುಕ್ರವಾರದ ಅತ್ತೆ-ಸೊಸೆ ಆಟಕ್ಕೂ ಬಂದಳು. ಹಳೆಯದನ್ನು ಈಗೇಕೆ ಕೆದಕುವುದು ಎಂದು ಪುಟ್ಟಯ್ಯ ಸುಮ್ಮನಾದ. ನಿಜ ಹೇಳಬೇಕೆಂದರೆ ಅವನಿಗೆ ಭಯ. ಅವಳು ಹೌದು ಅಂದುಬಿಟ್ಟರೆ ಏನು ಮಾಡುವುದು? ಅಷ್ಟು ವರ್ಷದ ಸಂಸಾರವನ್ನು ಎಲ್ಲಿಟ್ಟುಕೊಳ್ಳುವುದು?

ಕೇಳದೆ ಉಳಿದ ಮಾತು ಮರೆಯಾಗಲಿಲ್ಲ. ಒಂದೆರಡು ವರ್ಷ ಕಳೆದು ಸಿರಿಲ್ ಹೊಸ ಸಿನಿಮಾ ಶುರು ಮಾಡಿದಾಗ ಅದು ತಾನಾಗಿಯೇ ಹಾಳೆಯ ಮೇಲೆ ಇಳಿಯಿತು. ಗಲ್ಫಿನಲ್ಲಿ ನರ್ಸಾಗಿರುವ ಹೆಂಗಸು, ಊರಿನಲ್ಲಿ ಸತ್ತ ತಾಯಿ, ಕಿವಿಗೆ ಹಿಡಿದ ಫೋನು. ಆ ಒಂದು ದೃಶ್ಯವನ್ನು ಮಾತ್ರ ಪುಟ್ಟಯ್ಯ ಅಡುಗೆಮನೆಗೆ ಒಯ್ಯಲಿಲ್ಲ. ಹಾಲಿನಲ್ಲಿ ಕೂತು ಒಬ್ಬನೇ ಬರೆದ. ಒಂದೂ ಅಕ್ಷರ ಬದಲಿಸಬೇಕೆನ್ನಿಸಲಿಲ್ಲ. ಅತ್ತೆಗೆ ಇದೊಂದು ಗೌರವ ಎಂದು ತನಗೆ ತಾನೇ ಹೇಳಿಕೊಂಡ. ಹಾಗೆ ಹೇಳಿಕೊಂಡ ಮೇಲೆ ನಿದ್ದೆಯೂ ಚೆನ್ನಾಗಿ ಬಂತು, ಪುಣ್ಯಾತ್ಮನಿಗೆ.

ಆ ಸಿನಿಮಾದ ಹೆಸರು ಬೇಡ. ಹೇಳಿದರೆ ನೀವು ಹುಡುಕಿ ನೋಡುತ್ತೀರಿ, ಇನ್ನಷ್ಟು ಜನ ಅದನ್ನು ಕೇಳಿದಂತಾಗುತ್ತದೆ.

ಕುವೈತಿನಲ್ಲಿ ಅದರ ಮೊದಲ ಪ್ರದರ್ಶನ ಶುಕ್ರವಾರ ಬೆಳಿಗ್ಗೆ, ಥಿಯೇಟರನ್ನು ಬಾಡಿಗೆಗೆ ಹಿಡಿದು. ಅಹ್ಮದಿಯವರು, ಸಲ್ವಾದವರು, ಮಂಗಳೂರಿನವರು, ಮೈಸೂರಿನವರು, ಎಲ್ಲ ಬಂದಿದ್ದರು. ನಾಗರತ್ನಮ್ಮ ಸಾಸಿವೆ ಬಣ್ಣದ ರೇಷ್ಮೆ ಸೀರೆ ಉಟ್ಟು ಗಂಡನ ಪಕ್ಕದಲ್ಲಿ ಕೂತಿದ್ದಳು. ಮೊದಲರ್ಧದಲ್ಲಿ ಒಬ್ಬ ಅತ್ತೆಯ ಮಾತಿಗೆ ಹಾಲೆಲ್ಲ ನಕ್ಕಾಗ ಅವನನ್ನು ಮೊಣಕೈಯಿಂದ ತಿವಿದಳು ಕೂಡ. ಅವಳದೇ ಮಾತಲ್ಲವೆ!

ಇಂಟರ್‌ವಲ್ ಆದ ಮೇಲೆ ಆ ದೃಶ್ಯ ಬಂತು. ತೆರೆಯ ತುಂಬ ಒಂದು ಕಿವಿ, ಓಲೆ, ಬಿಳಿ ಕೂದಲು. ನಟಿ ಬಗ್ಗಿ ಹೇಳಿದಳು: "ಅವ್ವ, ವಾರ ವಾರ ಚೆನ್ನಾಗಿದೀನಿ ಅಂತಿದ್ನಲ್ಲ, ಸುಳ್ಳು ಕಣವ್ವ."

ಹಾಲಿನಲ್ಲಿ ಮೂಗು ಏರಿಸುವ ಸದ್ದು ಎದ್ದಿತು. ಹಿಂದೆ ಯಾರೋ ಗಂಡಸು ಬಿಕ್ಕಿದ. "ಈಗ ನಿಂಗೆ ನೋವಾಗಲ್ಲ, ಅಲ್ವಾ?" ಎಂದು ಅವಳು ಮುಗಿಸುವಷ್ಟರಲ್ಲಿ ಚಪ್ಪಾಳೆ ಶುರುವಾಗಿತ್ತು. ಪುಟ್ಟಯ್ಯ ಹೆಂಡತಿಯ ಕಡೆ ತಿರುಗಿದ. ಅವಳಿಗೆ ಹೇಗನ್ನಿಸಿತೆಂದು ನೋಡಲು ತಿರುಗಿದನಂತೆ ಮಹಾರಾಯ! ಅವಳು ಅಳುತ್ತಿರಲಿಲ್ಲ. ತೆರೆಯನ್ನೇ ನೋಡುತ್ತಿದ್ದಳು. ಸೆರಗಿನ ತುದಿಯನ್ನು ಮುಷ್ಟಿಯಲ್ಲಿ ಹಿಡಿದಿದ್ದಳು.

ಹೊರಗೆ ಬಂದರೆ ಜನ ಮುತ್ತಿಕೊಂಡರು. ಅಹ್ಮದಿಯ ಆಸ್ಪತ್ರೆಯಲ್ಲಿ ನರ್ಸಾಗಿರುವ ಕ್ಯಾಥರಿನ್ ಕಣ್ಣು ಒರೆಸಿಕೊಳ್ಳುತ್ತಲೇ ಬಂದು ನಾಗರತ್ನಮ್ಮನನ್ನು ತಬ್ಬಿಕೊಂಡಳು. "ರತ್ನಕ್ಕಾ, ನಮ್ಮ ಮನಸ್ಸಿನ ಒಳಗಿದ್ದದ್ದು ನಿಮ್ಮ ಯಜಮಾನರಿಗೆ ಹೇಗೆ ಗೊತ್ತಾಯ್ತು ಅಂತ!"

"ಅವರಿಗೇನೂ ಗೊತ್ತಿಲ್ಲ" ಎಂದಳು ನಾಗರತ್ನಮ್ಮ.

ಸುತ್ತ ನಿಂತವರೆಲ್ಲ ತಮಾಷೆಯೆಂದು ನಕ್ಕರು. ಪುಟ್ಟಯ್ಯನೂ ನಕ್ಕ. ಮುಂದೆ ಎಷ್ಟೋ ತಿಂಗಳ ಮಟ್ಟಿಗೆ, ಅವನ ಎದುರಿಗೆ ಅವಳು ಅವನ ವಿಷಯವಾಗಿ ಆಡಿದ ಕಡೆಯ ಮಾತು ಅದು. ಆ ಸಂಜೆಯಿಂದ ಅವನ ಜೊತೆ ಮಾತು ನಿಂತಿತು.

ಜಗಳವಾಗಿ ಮಾತು ಬಿಟ್ಟರೆ ಅದಕ್ಕೊಂದು ಲೆಕ್ಕವಿರುತ್ತದೆ. ಎರಡು ದಿನ, ನಾಲ್ಕು ದಿನ, ಆಮೇಲೆ ಉಪ್ಪು ಕಮ್ಮಿಯಾಯಿತೆಂದೋ ಗ್ಯಾಸ್ ಮುಗಿಯಿತೆಂದೋ ಮಾತು ತಾನಾಗಿ ಶುರುವಾಗುತ್ತದೆ. ಇದು ಹಾಗಲ್ಲ. ಹೊತ್ತಿಗೆ ಸರಿಯಾಗಿ ಕಾಫಿ ಬರುತ್ತಿತ್ತು. ಡಬ್ಬಿಯಲ್ಲಿ ಊಟ ಇರುತ್ತಿತ್ತು. ಅಂಗಿಗೆ ಇಸ್ತ್ರಿಯಾಗಿರುತ್ತಿತ್ತು. ಮಾತಿಲ್ಲ. ಈಗ ಬ್ಯಾಂಕಿನಲ್ಲಿ ಕೆಲಸಕ್ಕಿರುವ ಕುಶಾಲ್ ಮನೆಗೆ ಬಂದರೆ ಅವನ ಜೊತೆ ಮಾತು. ಕೆಳಗಿನ ಬಕಾಲದ, ಅಂದರೆ ದಿನಸಿ ಅಂಗಡಿಯ ಬಾವಾಕುಂಞಿಗೆ ಫೋನು ಮಾಡಿದರೆ, "ಬಾವಾ ಭಾಯಿ, ಹೋದ ಸಲದ ಕರಿಬೇವು ಬರೀ ಕಡ್ಡಿ! ಯಾರಿಗೆ ಕೊಡ್ತೀರಾ ಅದನ್ನ, ಮೇಕೆಗಾ?" ಎಂದು ಮನೆ ತುಂಬ ದನಿ. ಪುಟ್ಟಯ್ಯ ಹಾಲಿನಲ್ಲಿ ಕೂತು ಆ ಮಾತನ್ನೆಲ್ಲ ಕಿವಿಯಲ್ಲಿ ತುಂಬಿಕೊಳ್ಳುತ್ತಿದ್ದ. ಫೋನು ಇಟ್ಟ ಮೇಲೆ ಅವಳು ಅವನ ಮುಂದೆಯೇ ಹಾದುಹೋಗುತ್ತಿದ್ದಳು, ಕುರ್ಚಿಯ ಮುಂದೆ ಹಾದುಹೋದ ಹಾಗೆ.

ತಿಂಗಳುಗಳು ಕಳೆದವು. ಸೈಟಿನಲ್ಲಿ ಯಾರಾದರೂ "ಕ್ಯಾ ಹುವಾ ಭಾಯಿ?" ಎಂದು ಕೇಳಿದರೆ ಪುಟ್ಟಯ್ಯನಿಗೆ ಕಣ್ಣು ತುಂಬಿಬರುತ್ತಿತ್ತು, ಧೂಳು ಎಂದು ಒರೆಸಿಕೊಳ್ಳುತ್ತಿದ್ದ. ಸಾಯುವತನಕ ಹೀಗೇ ಆಗಿಬಿಟ್ಟರೆ? ಒಂದೇ ಮನೆಯಲ್ಲಿ, ಒಂದೇ ಮಂಚದ ಆ ತುದಿ ಈ ತುದಿಯಲ್ಲಿ, ಅವಳ ದನಿ ತನಗೆ ಇನ್ನೆಂದೂ ಇಲ್ಲ ಎಂದಾದರೆ?

ಅಂಥ ಹೊತ್ತಿನಲ್ಲೇ ಬೆಂಗಳೂರಿನಿಂದ ದೊಡ್ಡ ಕರೆ ಬಂತು. ಹೆಸರಾಂತ ಬ್ಯಾನರು, ತಾಯಿ ಮಗಳ ಕಥೆ, ಸಿರಿಲ್ ಡೈರೆಕ್ಟರು. ಆದರೆ ಸಂಭಾಷಣೆ ಆ ಕಿವಿಯ ಸೀನು ಬರೆದವರದೇ ಆಗಬೇಕು. ಪುಟ್ಟಯ್ಯ ಜೀವಮಾನವೆಲ್ಲ ಕಾದದ್ದು ಇಂಥ ಕರೆಗೆ. ಬರೆಯಲು ಕೂತ. ಮನೆ ಬಿಟ್ಟು ಹೋಗಲು ಹೊರಟ ಮಗಳನ್ನು ತಾಯಿ ಬಾಗಿಲಲ್ಲಿ ತಡೆಯುವ ದೃಶ್ಯ. ವಾರಗಟ್ಟಲೆ ತಿಣುಕಿ ಬರೆದು ಸಿರಿಲ್‌ಗೆ ಕಳಿಸಿದ. ಸಿರಿಲ್ ಓದಿ ಫೋನು ಮಾಡಿದ.

"ಪುಟ್ಟಯ್ಯಣ್ಣ, ಇದೆಂತ? 'ಮಗಳೇ, ಮುಂದಿರುವ ಅಪಾಯವನ್ನು ಗಮನಿಸು, ಯೋಚಿಸಿ ಹೆಜ್ಜೆ ಇಡು.' ಇದು ಅಮ್ಮ ಮಗಳಿಗೆ ಹೇಳುದಾ, ಅಲ್ಲ ನಿಮ್ಮ ಸೈಟಿನಲ್ಲಿ ಹಾಕಿದ ಬೋರ್ಡಾ?"

"ಇನ್ನೊಂದು ಸಲ ನೋಡ್ತೀನಿ ಸಿರಿಲ್."

"ನೋಡಿ. ನಿಮಗೆ ಹುಷಾರುಂಟಲ್ಲ? ಅವರು ಕಾಯುದಿಲ್ಲ ಮಾರಾಯ್ರೆ. ಬರುವ ಶುಕ್ರವಾರ ಸಂಜೆಯೊಳಗೆ ಅಮ್ಮನ ಸೀನು ಬೇಕು. ಇಲ್ಲದಿದ್ರೆ ಖಲಾಸ್."

ಮಾತಿಲ್ಲದ ಮನೆಯಲ್ಲಿ ಮಾತು ಹುಟ್ಟುವುದಾದರೂ ಹೇಗೆ? ಆ ರಾತ್ರಿ ಊಟಕ್ಕೆ ಕೂತಾಗ ಪುಟ್ಟಯ್ಯ ಧೈರ್ಯ ಮಾಡಿ ಬಾಯಿಬಿಟ್ಟ. "ರತ್ನ, ತಪ್ಪಾಯ್ತು. ಈ ಸಲ ಟೈಟಲ್ಲಿನಲ್ಲಿ ನಿನ್ನ ಹೆಸರು ಹಾಕಿಸ್ತೀನಿ. ನನ್ನದಕ್ಕಿಂತ ಮುಂಚೆ. ಸಂಭಾಷಣೆ, ನಾಗರತ್ನ ಪುಟ್ಟಯ್ಯ. ಆಯ್ತಾ?"

ಅವಳು ಅವನ ತಟ್ಟೆಗೆ ಸಾರು ಹಾಕಿ, ಸೌಟನ್ನು ಪಾತ್ರೆಯಲ್ಲಿಟ್ಟು, ಎದ್ದು ಒಳಗೆ ಹೋದಳು.

ಕುಶಾಲ್ ತಟ್ಟೆಯಿಂದ ತಲೆಯೆತ್ತಿದ. "ಅಪ್ಪಾ, ಶಿ ಡಸ್ ನಾಟ್ ವಾಂಟ್ ಯುವರ್ ಟೈಟಲ್."

"ಮತ್ತೇನು ಬೇಕಂತೋ? ನೀನಾದ್ರೂ ಹೇಳೋ ಮಾರಾಯ. ನಿಂಗೆ ಗೊತ್ತಿದ್ರೆ ಹೇಳು."

"ವೈ ಆರ್ ಯು ಆಸ್ಕಿಂಗ್ ಮಿ? ಆಸ್ಕ್ ಅಮ್ಮ" ಎಂದು ಮಗನೂ ಎದ್ದ.

ಶುಕ್ರವಾರ ಬಂತು. ಹೊರಗೆ ಧೂಳು ಎದ್ದು ಕಿಟಕಿಯೆಲ್ಲ ಕೆಂಪಗಾಗಿತ್ತು. ಎದುರಿನ ಕಟ್ಟಡವೂ ಕಾಣುತ್ತಿರಲಿಲ್ಲ. ಊಟವಾಗಿ ಕುಶಾಲ್ ತನ್ನ ರೂಮು ಸೇರಿದ್ದ. ನಾಗರತ್ನಮ್ಮ ಅಡುಗೆಮನೆಯ ಚಿಕ್ಕ ಮೇಜಿನ ಮೇಲೆ ಪೇಪರು ಹಾಸಿಕೊಂಡು ಬೆಳ್ಳುಳ್ಳಿ ಸುಲಿಯುತ್ತಿದ್ದಳು. ಪುಟ್ಟಯ್ಯ ಬಾಗಿಲಲ್ಲಿ ನಿಂತ. ಕ್ಷಮೆ ಕೇಳಿಯಾಗಿತ್ತು, ಹೆಸರು ಕೊಡುತ್ತೇನೆಂದದ್ದೂ ಆಗಿತ್ತು. ಹೆಂಡತಿಯನ್ನು ಮಾತಾಡಿಸಲು ಅವನಿಗೆ ಬರುತ್ತಿದ್ದ ದಾರಿ ಇನ್ನೊಂದೇ. ಸ್ಟೂಲನ್ನು ಎಳೆದುಕೊಂಡು ಎದುರಿಗೆ ಕೂತ.

"ರತ್ನ, ಒಬ್ಬ ಹೆಂಡ್ತಿ ಅವ್ಳೆ ಅಂತ ಇಟ್ಕೊ" ಎಂದ. "ಅವಳ ಗಂಡ ಕೇಳಿಸ್ಕೊಬಾರದ ಮಾತು ಕೇಳಿಸ್ಕೊಂಡ. ಕೇಳಿಸ್ಕೊಂಡು ಊರಿಗೆಲ್ಲ ಹೇಳ್ದ. ಅವಳು ಮಾತು ಬಿಟ್ಟವ್ಳೆ. ಈಗ ಗಂಡ ಬಂದು ಎದುರಿಗೆ ಕೂತವ್ನೆ. ಏನಂತಾಳೆ ಅವಳು?"

ಬೆಳ್ಳುಳ್ಳಿಯ ಒಂದು ಎಸಳು ಸುಲಿದಾಯಿತು. ಇನ್ನೊಂದು ಸುಲಿದಾಯಿತು. ಎದ್ದು ಹೋಗುತ್ತಾಳೆ ಎಂದುಕೊಂಡ ಪುಟ್ಟಯ್ಯ.

"ಏನೂ ಅನ್ನಲ್ಲ" ಎಂದಳು ನಾಗರತ್ನಮ್ಮ.

ಅಷ್ಟು ತಿಂಗಳ ಮೇಲೆ ಕೇಳಿದ ದನಿ!

"ಊರಿಗೆ ಕೇಳ್ತು ಅಂತ ಅವಳಿಗೇನು ಬೇಜಾರಿಲ್ಲ. ಊರು ಅತ್ತು, ಚಪ್ಪಾಳೆ ತಟ್ಟಿ, ಬಿರಿಯಾನಿ ತಿನ್ನಕ್ಕೆ ಹೋಯ್ತು. ಅವ್ವನ ಕಿವೀಲಿ ಹೇಳಿದ್ದು ಆಚೆಗೆ ಬಂತಲ್ಲ ಅಂತ ಸಂಕಟ ಆಯ್ತು, ದಿಟ. ಅದನ್ನೂ ನುಂಗ್ಕೋಬಹುದು. ಅವ್ವ ಹೋದ್ಲು, ಅವಳಿಗೇನು."

"ಮತ್ತೆ?"

"ಪಕ್ಕದಲ್ಲಿ ಫೋನ್ ಹಿಡ್ಕೊಂಡು ಒಬ್ಬ ನಿಂತಿದ್ನಲ್ಲ, ಅವನು." ಅವಳ ಕೈ ನಿಂತಿತು. "'ಒಂದಿನಾನೂ ಚೆನ್ನಾಗಿರ್ಲಿಲ್ಲ' ಅಂತ ಅವನ ಹೆಂಡ್ತಿ ಹೇಳಿದ್ದು ಅವನಿಗೆ ಕೇಳ್ತು. ಆವತ್ತಿಂದ ಕಾಯ್ತಾ ಕೂತಿದ್ಲು ಅವಳು. ಇವತ್ತು ಕೇಳ್ತಾನೆ, ನಾಳೆ ಕೇಳ್ತಾನೆ, ನಿಜವೇನೇ ರತ್ನ ಅಂತ. ಹೋಗ್ಲಿ, ಜಗಳಾನಾದ್ರೂ ಆಡ್ತಾನೆ, ನಾನೇನು ಕಮ್ಮಿ ಮಾಡಿದ್ದೆ ಅಂತ ಬೈತಾನೆ ಅಂತ. ಕೇಳ್ಲಿಲ್ಲ. ಪಾಪ, ಗಾಬರೀಲಿ ಕಿವಿಗೆ ಬಿದ್ದಿಲ್ಲ ಬಿಡು, ಮರ್ತಿದಾರೆ ಬಿಡು ಅಂತ ಸಮಾಧಾನ ಮಾಡ್ಕೊಂಡ್ಲು. ಆಮೇಲೆ ಥಿಯೇಟರಲ್ಲಿ ಕೂತು ನೋಡಿದ್ಲು. ಅವನು ಮರ್ತಿರ್ಲಿಲ್ಲ ಕಣ್ರೀ. ಒಂದಕ್ಷರಾನೂ ಮರ್ತಿರ್ಲಿಲ್ಲ. ಅಷ್ಟೂ ನೆನಪಿಟ್ಕೊಂಡು, ಕೇಳ್ದೆ ಇದ್ದ."

ಅತ್ತೆಯಂದಿರಿಗೆ, ಸೊಸೆಯಂದಿರಿಗೆ, ಸೂಳೆಯರಿಗೆ, ಸನ್ಯಾಸಿನಿಯರಿಗೆ ಮಾತು ಬರೆದ ಪುಟ್ಟಯ್ಯನ ಕೈ ಮೇಜಿನ ಮೇಲೆ ಸುಮ್ಮನೆ ಬಿದ್ದಿತ್ತು. "ರತ್ನ..." ಎಂದ.

"ಮೊದಲು ಅದನ್ನ ಆಫ್ ಮಾಡಿ."

"ಯಾವುದನ್ನ?"

ಅವಳು ಚಾಕುವಿನ ತುದಿಯಿಂದ ಅವನ ಅಂಗಿಯ ಜೇಬನ್ನು ತೋರಿಸಿದಳು. ಪುಟ್ಟಯ್ಯ ಫೋನು ತೆಗೆದು ನೋಡಿದ. ರೆಕಾರ್ಡರ್ ಓಡುತ್ತಿತ್ತು. ಸ್ಟೂಲಿನ ಮೇಲೆ ಕೂರುವಾಗ ಹೆಬ್ಬೆರಳು ತನ್ನ ಕೆಲಸ ತಾನು ಮಾಡಿತ್ತು. ಒತ್ತಿದ್ದು ತನಗೇ ಗೊತ್ತಿರಲಿಲ್ಲ ಎಂದು ಅವನು ಯಾವ ದೇವರ ಮುಂದೆ ಬೇಕಾದರೂ ಪ್ರಮಾಣ ಮಾಡಿಯಾನು. ಆದರೆ ಗೊತ್ತಿಲ್ಲದೆ ಒತ್ತಿದ್ದು ಇನ್ನೂ ಹೇಸಿಗೆಯಲ್ಲವೆ? ಅವಳ ಕಣ್ಣೆದುರಿಗೇ ಅದನ್ನು ಅಳಿಸಿದ. ಅಷ್ಟರಲ್ಲಿ ಸಿರಿಲ್‌ನ ಹೆಸರು ಮಿನುಗಿ ಫೋನು ಬಡಿದುಕೊಳ್ಳತೊಡಗಿತು. ಸಂಜೆಯೊಳಗೆ ಅಮ್ಮನ ಸೀನು ಬೇಕಲ್ಲ. ಪುಟ್ಟಯ್ಯ ಅದನ್ನು ಪೂರ್ತಿ ಆರಿಸಿ, ಹಾಲಿನ ಸೋಫಾದ ಮೇಲೆ ಎಸೆದು, ಅಡುಗೆಮನೆಯ ಬಾಗಿಲು ಮುಂದೆ ಮಾಡಿ ಬಂದ. ಸ್ಟೂಲನ್ನು ಕಾಲಿನಿಂದ ಪಕ್ಕಕ್ಕೆ ತಳ್ಳಿ ನೆಲದ ಮೇಲೆ ಕೂತ. ವಯಸ್ಸಾದ ಮಂಡಿ, ಕೂರುವಾಗ "ಅಮ್ಮಾ" ಅಂದಿತು.

"ನಿಜವೇನೇ ರತ್ನ?" ಎಂದು ಕೇಳಿದ.

ಅವಳು ಅವನನ್ನು ನೋಡಿದಳು. ಥಿಯೇಟರಿನಲ್ಲೂ ಬಾರದ ಅಳು ಆಗ ಬಂತು. ಮುಂಗೈಯಿಂದ ಕಣ್ಣು ಒರೆಸಿಕೊಂಡು, ಬೆಳ್ಳುಳ್ಳಿಯ ಕೈ ಎಂದು ನೆನಪಾಗಿ, "ಹಾಳಾದ್ದು" ಎಂದು ಬೈದು, ಮೊದಲಿನಿಂದ ಹೇಳತೊಡಗಿದಳು.

ಏನು ಹೇಳಿದಳೆಂದು ಕೇಳಬೇಡಿ. ನನಗೆ ಗೊತ್ತಿದ್ದರೂ ಬರೆಯುವುದಿಲ್ಲ. ಧೂಳು ಕೂತು ಕಿಟಕಿ ಕಪ್ಪಾಗುವ ತನಕ ಹೇಳಿದಳು ಎನ್ನುವುದಷ್ಟೇ ನಿಮಗೆ ಸಾಕು. ಕೇಳಲು ಹಿತವಾದ ಮಾತೇನೂ ಅಲ್ಲ. ನಡುವೆ ಎಷ್ಟೋ ಸಲ ಪುಟ್ಟಯ್ಯ "ಹಂಗಲ್ಲ ಕಣೆ" ಎಂದು ಬಾಯಿ ಹಾಕಲು ಹೋಗಿ ನಾಲಿಗೆ ಕಚ್ಚಿಕೊಂಡ. ಒಂದು ಕಡೆ ಅವಳು ಒಂದು ಮಾತು ಅಂದಳು. ಅವನು ತನ್ನ ಜನ್ಮದಲ್ಲಿ ಕೇಳಿದ ಮಾತುಗಳಲ್ಲೆಲ್ಲ ದೊಡ್ಡ ಮಾತು ಅದು, ಬೆಂಗಳೂರಿನವರಿಗೆ ಬೇಕಾಗಿದ್ದ ತಾಯಿಯ ಮಾತು ಅದೇ, ಅಕ್ಷರ ಅಕ್ಷರವೂ ಅದೇ. ಅವನ ಕೈ ತಾನಾಗಿ ಎದ್ದು ಖಾಲಿ ಜೇಬನ್ನು ಮುಟ್ಟಿತು. ನಾಗರತ್ನಮ್ಮ ಅದನ್ನು ನೋಡಿದಳು. ನೋಡಿಯೂ ಮಾತು ನಿಲ್ಲಿಸಲಿಲ್ಲ. ಪುಟ್ಟಯ್ಯ ಆ ಕೈಯನ್ನು ತೊಡೆಯ ಕೆಳಗೆ ಇಟ್ಟುಕೊಂಡು ಅದರ ಮೇಲೆ ಕೂತ.

ಬೆಂಗಳೂರಿನವರು ಆ ಸಿನಿಮಾವನ್ನು ಬೇರೆಯವರಿಂದ ಬರೆಸಿಕೊಂಡರು. ಸಿರಿಲ್ ಬಹಳ ದಿನ ಮುನಿಸಿಕೊಂಡಿದ್ದ.

ಆ ಸಂಜೆ ಮಾತು ಮುಗಿದಾಗ ನಾಗರತ್ನಮ್ಮ ದೀಪ ಹಾಕಿದಳು. ಪೇಪರಿನ ಮೇಲಿನ ಸಿಪ್ಪೆಯನ್ನು ಒಟ್ಟು ಮಾಡುತ್ತ, ಅವನ ಕಡೆ ನೋಡದೆ ಕೇಳಿದಳು.

"ಇದನ್ನೂ ಬರೀತೀರಾ?"

"ಇಲ್ಲ ಕಣೆ."

ಅವಳು ಸಿಪ್ಪೆಯನ್ನು ಕಸದ ಬುಟ್ಟಿಗೆ ಹಾಕಿ ಕೈ ಕೊಡವಿಕೊಂಡಳು.

"ನೋಡಾಣ" ಎಂದಳು.